ಹರಾಜಿನ ನಂತರದ ಮೂವತ್ತು ದಿನ

ನಮ್ಮ ಮನೆಯಲ್ಲಿ ಯಾವ ಮಾತನ್ನೂ ಎರಡು ಸಲ ಹೇಳುವ ರೂಢಿ ಇರಲಿಲ್ಲ. ಪಡಸಾಲೆಯಲ್ಲಿ ಆರು ಹೊಲಿಗೆ ಮಿಷನ್ನುಗಳು ಒಟ್ಟಿಗೆ ಓಡುತ್ತಿದ್ದ ಕಾಲದಲ್ಲಿ ಹುಟ್ಟಿದ ರೂಢಿ ಅದು. ಏನಾದರೂ ಹೇಳಬೇಕಿದ್ದರೆ ಅಪ್ಪನ ಪಕ್ಕ ಹೋಗಿ ನಿಲ್ಲಬೇಕು. ಒಂದು ಹೊಲಿಗೆ ಮುಗಿದು ಅವನ ಕಾಲು ಪೆಡಲಿನ ಮೇಲೆ ತಡೆಯುವ ತನಕ ಕಾಯಬೇಕು. ಆ ತಡೆಯೊಳಗೆ ಹೇಳಿ ಮುಗಿಸಬೇಕು. ಕೇಳಿಸಿತೇ ಎಂದು ಮತ್ತೆ ಕೇಳುವಂತಿಲ್ಲ. ಅವನಿಗೆ ಕೇಳಿಸಿರುತ್ತಿತ್ತು. ಆಮೇಲೆ ಐದು ಮಿಷನ್ನುಗಳು ಹೋಗಿ ಒಂದೇ ಉಳಿದಾಗಲೂ, ಮನೆಯಲ್ಲಿ ಸದ್ದೇ ಇಲ್ಲದಾಗಲೂ ಆ ರೂಢಿ ಹೋಗಲಿಲ್ಲ. ಅದನ್ನು ಮುರಿಯಬೇಕಾದ ದಿನ ಬಂದಾಗ ನಾನು ಮುರಿಯಲಿಲ್ಲ.

ಮನೆ ಇದ್ದದ್ದು ಕೌಲ್ ಬಜಾರಿನ ಒಂದು ಓಣಿಯಲ್ಲಿ. ಕಲ್ಲಿನ ಗೋಡೆ, ಮಣ್ಣಿನ ಮಾಳಿಗೆ, ಮುಂದೆ ಉದ್ದನೆಯ ಪಡಸಾಲೆ. ಅಜ್ಜ ಕಟ್ಟಿಸಿದ್ದು. ಎದುರು ಮನೆಯಲ್ಲಿ ಹಾಸಿಗೆ ಹೊಲಿಯುವ ಮುದುಕರೊಬ್ಬರಿದ್ದರು. ಇಡೀ ಓಣಿ ಅವರನ್ನು ಚಾಚಾ ಎನ್ನುತ್ತಿತ್ತು. ಅವರ ಮನೆಯ ಅರಳೆ ಗಾಳಿಯಲ್ಲಿ ಹಾರಿ ಬಂದು ನಮ್ಮ ಖಾಕಿ ಬಟ್ಟೆಗೆ ಅಂಟುತ್ತಿತ್ತು. ಅಪ್ಪ ಬೈಯುತ್ತಿದ್ದ, ಚಾಚಾ ನಗುತ್ತಿದ್ದರು, ಅವ್ವ ಬ್ರಷ್ಷಿನಿಂದ ಉಜ್ಜಿ ತೆಗೆಯುತ್ತಿದ್ದಳು.

ಯುದ್ಧದ ವರ್ಷಗಳಲ್ಲಿ ಅಪ್ಪನಿಗೆ ದಂಡಿನ ಗುತ್ತಿಗೆ ಸಿಕ್ಕಿತ್ತು. ಖಾಕಿ ಬಟ್ಟೆಯ ಗಂಟುಗಳು ಗಾಡಿಯಲ್ಲಿ ಬಂದು ಇಳಿಯುತ್ತಿದ್ದವು, ಅಂಗಿಗಳಾಗಿ ಅದೇ ಗಾಡಿಯಲ್ಲಿ ಹೋಗುತ್ತಿದ್ದವು. ಅಂಗಿಗೆ ಕಾಜ ಹೊಲಿಯುವ ಕೆಲಸ ಅವ್ವನದು ಮತ್ತು ನನ್ನದು. ಶಾಲೆಯಿಂದ ಬಂದವಳು ಕತ್ತಲಾಗುವ ತನಕ ಗುಂಡಿಯ ಕಣ್ಣುಗಳನ್ನು ಹೊಲಿಯುತ್ತಿದ್ದೆ. ಬೆರಳ ತುದಿ ಯಾವಾಗಲೂ ಮಣ್ಣಿನ ಬಣ್ಣಕ್ಕಿರುತ್ತಿತ್ತು.

ಒಂದು ಮಿಷನ್ನಿನಿಂದ ಆಗುವ ಕೆಲಸವಾಗಿರಲಿಲ್ಲ ಅದು. ಅಪ್ಪ ತಾನು ಶೇರುದಾರನಾಗಿದ್ದ ಸಹಕಾರ ಬ್ಯಾಂಕಿಗೆ ಸಾಲ ಕೇಳಲು ಹೋದ. ಅಲ್ಲಿಯ ಗುಮಾಸ್ತ ನಾಲ್ಕು ಜನರ ಮುಂದೆ, “ಶೇರುದಾರರು ಹೆಬ್ಬೆಟ್ಟು ಒತ್ತಿದ್ರ ಚಂದ ಕಾಣಂಗಿಲ್ರಿ” ಎಂದನಂತೆ. ಅಪ್ಪ ಕಾಗದವನ್ನು ಹಾಗೇ ಮಡಚಿಕೊಂಡು ಬಂದ. ನಾನಾಗ ಐದನೆಯ ತರಗತಿ.

“ನನ್ನ ಹೆಸರು ಬರದು ತೋರ್ಸು” ಎಂದ.

ಕಾಗದ ಹುಡುಕುವಷ್ಟು ತಾಳ್ಮೆ ಅವನಿಗಿರಲಿಲ್ಲ. ಅಳತೆಯ ಗುರುತು ಹಾಕುವ ಸುಣ್ಣದ ಬಿಲ್ಲೆಯನ್ನು ನನ್ನ ಕೈಗೆ ಕೊಟ್ಟು, ಖಾಕಿಯ ಒಂದು ತುಂಡನ್ನು ಮುಂದೆ ಹಾಸಿದ. ನಾನು ಅದರ ಮೇಲೆ ದುಂಡಗೆ ಬರೆದೆ. ಅಪ್ಪ ಅದನ್ನು ದಿಟ್ಟಿಸಿ ನೋಡಿ, ಸೂಜಿಗೆ ಬಿಳಿ ದಾರ ಪೋಣಿಸಿ, ನನ್ನ ಅಕ್ಷರಗಳ ಮೇಲೆ ಒಂದೊಂದಾಗಿ ಹೊಲಿಗೆ ಹಾಕಿದ. ಸುಣ್ಣ ಅಳಿಸಿಹೋದರೂ ದಾರ ಉಳಿಯಿತು. ಆ ತುಂಡನ್ನು ಮಿಷನ್ನಿನ ಪಕ್ಕದ ಗೋಡೆಗೆ ಮೊಳೆ ಹೊಡೆದು ಅದನ್ನು ನೋಡಿ ನೋಡಿ ಹತ್ತು ದಿನ ಬರೆದ. ಹನ್ನೊಂದನೆಯ ದಿನ ಬ್ಯಾಂಕಿಗೆ ಹೋಗಿ ಸಹಿ ಹಾಕಿ, ಐದು ಹೊಸ ಮಿಷನ್ನುಗಳಿಗೆ ಸಾಲ ತಂದ. ಅಂದಿನಿಂದ ಅವನ ಸಹಿ ಅದೇ. ಅಕ್ಷರಗಳು ಬೆಳೆಯಲಿಲ್ಲ. ನನ್ನ ಕೈಬರಹ ಬದಲಾಗುತ್ತ ಹೋಯಿತು, ಅವನ ಸಹಿಯಲ್ಲಿ ಮಾತ್ರ ಐದನೆಯ ತರಗತಿಯ ನನ್ನ ಅಕ್ಷರ ಹಾಗೇ ನಿಂತುಬಿಟ್ಟಿತು.

ಯುದ್ಧ ಮುಗಿಯಿತು, ಗಾಡಿ ಬರುವುದು ನಿಂತಿತು. ಐದು ಹೊಸ ಮಿಷನ್ನುಗಳ ಮೇಲೆ ಬಟ್ಟೆ ಮುಚ್ಚಿಟ್ಟೆವು. ನಂತರ ಒಂದೊಂದನ್ನೇ ಮಾರಿದೆವು. ಅದೇ ವರ್ಷಗಳಲ್ಲಿ ನಾನು ಮದರಾಸಿನಲ್ಲಿ ಕಾಲೇಜು ಓದಿದೆ. ಬ್ಯಾಂಕಿನ ಕಂತು ಮತ್ತು ನನ್ನ ಫೀಜು ಒಂದೇ ತಿಂಗಳಲ್ಲಿ ಬಂದಾಗ ಅಪ್ಪ ಯಾವುದನ್ನು ಮೊದಲು ಕಟ್ಟುತ್ತಿದ್ದನೆಂದು ನಾನು ಯಾವತ್ತೂ ಕೇಳಲಿಲ್ಲ. ಫೀಜು ಒಮ್ಮೆಯೂ ತಡವಾಗಲಿಲ್ಲ ಎಂಬುದಷ್ಟೇ ನನಗೆ ಗೊತ್ತು.

ಬಿ.ಎ. ಪರೀಕ್ಷೆ ಬರೆದು ಊರಿಗೆ ಬಂದ ಕೆಲವೇ ವಾರಗಳಲ್ಲಿ ಕೋರ್ಟಿನ ಅಮೀನರು ಬಂದರು. ಜೊತೆಗೆ ಹಲಗೆ ಬಡಿಯುವವನೊಬ್ಬ. ಬ್ಯಾಂಕಿನ ಸಾಲ ತೀರದ ಕಾರಣ ಕೋರ್ಟು ನಮ್ಮ ಮನೆಯನ್ನು ಜಪ್ತಿ ಮಾಡಿದೆ, ಇಂಥ ದಿನ ಹರಾಜು ಎಂದು ಕೂಗಿ ಹೇಳಿ, ಬಾಗಿಲಿಗೆ ಅಂಟು ಬಳಿದು ಕಾಗದ ಹಚ್ಚಿ ಹೋದರು. ಕಾಗದ ಇಂಗ್ಲಿಷಿನಲ್ಲಿತ್ತು. ಓಣಿಯಲ್ಲಿ ಅದನ್ನು ಓದಬಲ್ಲವಳು ನಾನೊಬ್ಬಳೇ. ನನ್ನ ಓದು ಆ ಓಣಿಯಲ್ಲಿ ಮೊದಲು ಉಪಯೋಗಕ್ಕೆ ಬಂದದ್ದು ಹೀಗೆ.

ಮೊದಲ ಹರಾಜಿನ ದಿನ ಕೋರ್ಟಿನ ಆವರಣಕ್ಕೆ ನಮ್ಮ ಓಣಿಯ ಗಂಡಸರೆಲ್ಲ ಹೋಗಿದ್ದರು. ಓಣಿಯವರ ಮನೆಯನ್ನು ಓಣಿಯವರು ಹರಾಜಿನಲ್ಲಿ ಕೂಗುವುದಿಲ್ಲ. ಅದು ಅಲ್ಲಿಯ ಕಟ್ಟಳೆ. ಹೊರಗಿನವರು ಕೂಗಲು ಬಂದರೆ ನಾಚಲಿ ಎಂದು ಇವರು ಹೋಗಿ ಬೇವಿನ ಮರದ ಕೆಳಗೆ ಸಾಲಾಗಿ ಕೂತಿರುತ್ತಿದ್ದರು. ಆವತ್ತು ನಡೆದದ್ದನ್ನು ಚಾಚಾ ಬಂದು ಅವ್ವನಿಗೆ ಹೇಳಿದರು. ಅಮೀನರು ಗಂಟಲು ಹರಿಯುವಂತೆ ಕೂಗಿದರಂತೆ. ಯಾರೂ ಬಾಯಿ ಬಿಡಲಿಲ್ಲ.

“ಇಷ್ಟು ಮಂದಿ ಬಂದೀರಿ, ಒಬ್ಬರಾದ್ರೂ ಉಸುರು ಬಿಡವಲ್ರಿ. ಇದು ಹರಾಜೋ, ಸತ್ತೋರ ಮನಿ ಪಡಸಾಲಿಯೋ?” ಎಂದರಂತೆ ಅಮೀನರು.

“ಬಾಯಾಗ ಎಲಿ-ಅಡಿಕಿ ಐತ್ರಿ ಸಾಹೇಬ್ರ” ಎಂದರಂತೆ ಚಾಚಾ.

ಹೇಳಿ ಅವರೇ ನಕ್ಕರು. ಅವ್ವನೂ ಸೆರಗು ಅಡ್ಡ ಹಿಡಿದು ನಕ್ಕಳು. ಹರಾಜು ಮುಂದಕ್ಕೆ ಹೋಯಿತು.

ಎರಡನೆಯ ಸಲ ಬೆಲೆ ಇಳಿಸಿದ್ದರು. ಬ್ರೂಸ್‌ಪೇಟೆಯಲ್ಲಿ ದಾರ, ಗುಂಡಿ ಮಾರುವ ಸಾಹುಕಾರರೊಬ್ಬರು ಕೂಗಿದರು. ಅಪ್ಪ ಇಪ್ಪತ್ತು ವರ್ಷ ಅವರ ಅಂಗಡಿಯಿಂದಲೇ ದಾರ ತಂದಿದ್ದ. ಅಮೀನರು ಕನ್ನಡದಲ್ಲೊಮ್ಮೆ ತೆಲುಗಿನಲ್ಲೊಮ್ಮೆ ಮೂರು ಸಾರಿ ಕೂಗಿ ಮುಗಿಸಿದರು. ಮನೆ ಸಾಹುಕಾರರ ಹೆಸರಿಗಾಯಿತು. ಆದರೆ ಪೂರ್ತಿ ಆಗಲಿಲ್ಲ. ಅದನ್ನು ಕೋರ್ಟು ಕಾಯಂ ಮಾಡಲು ಮೂವತ್ತು ದಿನ ಕಳೆಯಬೇಕು. ಅಷ್ಟರೊಳಗೆ ಸಾಲದ ಹಣ ಬಂದರೆ ಹರಾಜು ರದ್ದು.

ಅಂದು ಸಂಜೆ ಸಾಹುಕಾರರು ನಮ್ಮ ಮನೆಗೇ ಬಂದರು. ಹೊಸ್ತಿಲ ಹೊರಗೆ ಚಪ್ಪಲಿ ಬಿಟ್ಟು ನಿಂತರು.

“ಅಣ್ಣಾ, ನಾ ಕೂಗದಿದ್ರ ಇನ್ನೊಬ್ಬ ಕೂಗ್ತಿದ್ದ. ತಿಂಗಳೊಳಗ ನೀ ಕಟ್ಟು. ಕಾಯಿದೆ ಪ್ರಕಾರ ನಾ ಕೂಗಿದ ಬೆಲಿಗೆ ನೂರಕ್ಕ ಐದು ನನಗ ಬರತೈತಿ. ನಗ್‌ನಗ್ತಾ ತಗಂಡು ಮನಿ ನಿನಗ ಬಿಡ್ತೀನಿ.”

“ನನ್ನ ಮನಿ ಬೆಲಿ ಕೂಗಿದ್ದಕ್ಕ ನಿನಗ ಕೂಲಿ ಬ್ಯಾರೆ ಕೊಡಬೇಕೇನು?” ಎಂದ ಅಪ್ಪ.

ಸಾಹುಕಾರರು ಚಪ್ಪಲಿ ಮೆಟ್ಟಿಕೊಂಡು ಹೋದರು.

ನಾನು ಮರುದಿನ ಒಬ್ಬ ವಕೀಲರ ಮನೆಗೆ ಹೋಗಿ ಅವರ ಪುಸ್ತಕದಲ್ಲಿ ಆ ನಿಯಮವನ್ನು ಓದಿದೆ. ಓದಿದ್ದನ್ನು ಬರೆದುಕೊಂಡೆ. ಮನೆಗೆ ಬಂದು ಅಪ್ಪನ ಪಕ್ಕ ನಿಂತೆ. ಕಾಲು ತಡೆಯಿತು.

“ಬ್ಯಾಂಕಿನ ಬಾಕಿ ಪೂರಾ ಕಟ್ಟಬೇಕು. ಸಾಹುಕಾರರಿಗೆ ನೂರಕ್ಕ ಐದು ಕಟ್ಟಬೇಕು. ಎರಡೂ ಕೋರ್ಟಿನ್ಯಾಗ ಕಟ್ಟಬೇಕು, ಬ್ಯಾಂಕಿನ್ಯಾಗಲ್ಲ. ನಿನ್ನ ಸಹಿ ಹಾಕಿ ಅರ್ಜಿ ಕೊಡಬೇಕು. ಮೂವತ್ತನೇ ದಿನ ದಾಟಂಗಿಲ್ಲ.”

“ಹೂಂ” ಎಂದ. ಪೆಡಲು ಮತ್ತೆ ಓಡಿತು.

ಹಣಕ್ಕಾಗಿ ಮೊದಲು ಹೋದದ್ದು ಸಿರುಗುಪ್ಪಕ್ಕೆ. ನನ್ನ ಸೋದರಮಾವ ಅಲ್ಲಿ ಅಕ್ಕಿ ಗಿರಣಿಯೊಂದರಲ್ಲಿ ಲೆಕ್ಕ ಬರೆಯುತ್ತಿದ್ದ. ಅಪ್ಪ ಒಬ್ಬನೇ ಹೋಗಲಾರ ಎಂದು ಅವ್ವ ನನ್ನನ್ನೂ ಕಳಿಸಿದಳು. ಅವಳು ಹೇಳಿದ್ದು ಸರಿ. ಬಸ್ಸಿನಲ್ಲಿ ಅಪ್ಪ ಎರಡು ಸಲ “ಇಲ್ಲೇ ಇಳಿಯೋಣೇನು?” ಎಂದ. ದಾರಿಯಲ್ಲಿ ನಮ್ಮವರು ಯಾರೂ ಇಲ್ಲದ ಊರುಗಳವು.

ಗಿರಣಿಯಿಂದ ಆಗಷ್ಟೇ ಮನೆಗೆ ಬಂದಿದ್ದ ಮಾವನ ಮೈಮೇಲೆ, ಹುಬ್ಬಿನ ಮೇಲೆ ಎಲ್ಲ ತೌಡಿನ ಧೂಳು. ನಮ್ಮನ್ನು ಕಂಡೊಡನೆ ವಿಷಯ ತಿಳಿದುಕೊಂಡ. ತಿಳಿದೂ ಸುಮ್ಮನಿರುವ ಜಾಯಮಾನ ಅವನದಲ್ಲ.

“ಏನ್ರಿ ಭಾವಾ, ಇಡೀ ಪಲ್ಟಣಕ್ಕ ಅಂಗಿ ತೊಡಿಸಿದ ಮನಷಾ ನೀವು. ಈಗ ನಿಮ್ಮ ಮೈಮ್ಯಾಲಿನ ಅಂಗೀಗೇ ಬಂತಲ್ರಿ!”

ಅಪ್ಪ ನೆಲ ನೋಡಿದ.

“ಯಾಕ ಹಂಗ ಚುಚ್ಚತೀರಿ? ಕೊಡೋದಿದ್ರ ಕೊಡ್ರಿ” ಎಂದಳು ಅತ್ತೆ, ಒಳಗಿನಿಂದ.

“ಕೊಡದೆ ಏನ ಮಾಡ್ಲಿ? ಭಾವನ್ನ ಚುಚ್ಚಾಕ ಇನ್ನೊಂದು ಇಂಥಾ ದಿನ ಸಿಗತೈತೇನು? ರೊಕ್ಕ ಕೊಟ್ಟು ಚುಚ್ಚಾಕತ್ತೀನಿ, ಬಿಟ್ಟಿ ಅಲ್ಲ.”

ಅಪ್ಪನಿಗೆ ನಗು ಬಂತು. ಮಾವ ಕೊಟ್ಟದ್ದು ಮಗಳ ಮದುವೆಗೆ ಕೂಡಿಸಿಟ್ಟಿದ್ದ ಹಣ. “ದೀಪಾವಳಿ ಆದ ಮ್ಯಾಲೆ ಅಕ್ಕಿಕಾಳು ಐತಿ. ಅಷ್ಟರಾಗ ಬರಲಿ, ಅಷ್ಟ ಸಾಕು” ಎಂದ. ಈ ಮಾತು ಹೇಳುವಾಗ ಅವನು ನಗಲಿಲ್ಲ.

ಉಳಿದದ್ದಕ್ಕೆ ಕುರುಗೋಡಿಗೆ ಹೋದೆವು. ಅಲ್ಲಿ ಅಪ್ಪನ ಅಕ್ಕ ಇದ್ದಳು. ಗಂಡ ತೀರಿ ಬಹಳ ವರ್ಷವಾಗಿತ್ತು. ಬಂಡೆಯ ಗುಡ್ಡದ ಬುಡದ ಮನೆ. ಬೇಸಿಗೆಯಲ್ಲಿ ಗುಡ್ಡ ಹೀರಿದ ಬಿಸಿ ಸಂಜೆಯಾದ ಮೇಲೆ ಮನೆಯೊಳಗೆ ಬಂದು ಕೂರುತ್ತಿತ್ತು. ಅತ್ತೆ ನಮಗೆ ಮಜ್ಜಿಗೆ ಕೊಟ್ಟಳು. ಅಪ್ಪ ಲೋಟ ಕೆಳಗಿಡುವ ತನಕ ಏನೂ ಕೇಳಲಿಲ್ಲ.

“ಲೇ, ನಿನ್ನ ಕೈಗೆ ಕತ್ತರಿ ಕೊಟ್ಟಾಕಿ ನಾನು” ಎಂದಳು ಆಮೇಲೆ. “ಬಟ್ಟಿ ಕತ್ತರಸೋ ಮುಂದ ಎರಡು ಸಲ ಅಳೀಬೇಕು ಅಂತ ಹೇಳಿದ್ದೆ. ಸಾಲ ತರೋ ಮುಂದ ಒಂದು ಸಲನಾದ್ರೂ ಅಳದಿಯೇನು?”

“ಆತು ಬಿಡಕ್ಕಾ.”

“ಆತು ಅಂದ್ರ ಆಗಂಗಿಲ್ಲ.”

ಅವಳು ಎದ್ದು ಹೋಗಿ ಕೈಯಲ್ಲಿ ನಾಲ್ಕು ಚಿನ್ನದ ಪಾಟ್ಲಿ ಹಿಡಿದುಕೊಂಡು ಬಂದಳು. ಅವನ್ನು ಅವಳು ತೊಡುತ್ತಿರಲಿಲ್ಲ, ತೊಟ್ಟದ್ದನ್ನು ನಾನು ಕಂಡಿರಲೇ ಇಲ್ಲ. ನನ್ನ ಕಡೆ ತಿರುಗಿ, “ಎಷ್ಟು ಬೇಕು, ಹ್ಯಾಂಗ ಕಟ್ಟಬೇಕು, ನೀ ಹೇಳವ್ವಾ. ಇವನ ಮಾತು ಬ್ಯಾಡ” ಎಂದಳು. ನಾನು ಹೇಳಿದೆ. ನೂರಕ್ಕೆ ಐದರ ವಿಷಯ ಬಂದಾಗ ಅಪ್ಪ ಎದ್ದು ಹೊರಗೆ ಹೋಗಿ ಕಟ್ಟೆಯ ಮೇಲೆ ಕೂತ.

“ಅದನ್ನೂ ಕೊಡು” ಎಂದಳು ಅತ್ತೆ, ಅವನಿಗೆ ಕೇಳುವಷ್ಟು ಜೋರಾಗಿ. “ಆ ಸಾಹುಕಾರನ ರೊಕ್ಕಾನೂ ತಿಂಗಳಗಟ್ಟಲೆ ಕೋರ್ಟಿನ್ಯಾಗ ಕುಂತಿರತೈತಿ. ಸಿಟ್ಟು ಮಾಡಿ ಮನಿ ಕಳಕೋಬ್ಯಾಡ.”

ಅಪ್ಪ ಗುಡ್ಡದ ಕಡೆ ಮುಖ ಮಾಡಿ ಕೂತಿದ್ದ. ಕೇಳಿಸಿಕೊಂಡ ಎಂದುಕೊಂಡೆವು.

ಪಾಟ್ಲಿಗಳನ್ನು ಮಾರಿದ ಮೇಲೆ ಹಣ ಸರಿಯಾಯಿತು. ಇಪ್ಪತ್ತೇಳನೆಯ ದಿನ ಅಪ್ಪ ತೊಳೆದ ಅಂಗಿ ತೊಟ್ಟು, ಹಣವನ್ನು ಒಳಜೇಬಿನಲ್ಲಿಟ್ಟು ಹೊರಟ. ಕೋರ್ಟಿಗೆ ನಾನೂ ಬರುತ್ತೇನೆಂದು ಹೇಳಬೇಕೆಂದಿದ್ದೆ. ಹೇಳಲಿಲ್ಲ. ಅಷ್ಟೊಂದು ಗಂಡಸರ ನಡುವೆ ನಿಲ್ಲುವುದನ್ನು ನೆನೆದು ನನಗೇ ಹಿಂಜರಿಕೆಯಾಯಿತು. ಬೇರೆ ಕಾರಣವಿರಲಿಲ್ಲ.

ಮಧ್ಯಾಹ್ನ ಬಂದ. ಮುಖ ನಾನು ವರ್ಷಗಳಿಂದ ಕಾಣದಷ್ಟು ಹಗುರಾಗಿತ್ತು. ಒಂದು ರಸೀದಿಯನ್ನು ಅವ್ವನ ಕೈಗೆ ಕೊಟ್ಟ. ಇನ್ನೊಂದು ಜೇಬಿನಿಂದ ಸ್ವಲ್ಪ ಹಣ ತೆಗೆದು ಅವಳ ಮುಂದಿಟ್ಟ.

“ಇದು ಉಳೀತು. ಅಕ್ಕಗ ವಾಪಸ್ ಕೊಡೋಣ.”

ರಸೀದಿ ಬ್ಯಾಂಕಿನದಾಗಿತ್ತು.

“ಎಲ್ಲಿ ಸಹಿ ಹಾಕಿ ತಗಂಡಿದ್ನೋ ಅಲ್ಲೇ ಕೊಟ್ಟು ಬಂದೆ” ಎಂದ ಅಪ್ಪ. “ಕಾರ್ಯದರ್ಶಿ ಕುರ್ಚಿ ಹಾಕಿಸಿ ಕುಂದರಸಿದ್ರು. ಚಾ ತರಿಸಿದ್ರು. ಇನ್ನ ನಿಮ್ಮದೇನೂ ಬಾಕಿ ಇಲ್ಲ ಅಂದ್ರು.”

ಉಳಿದ ಹಣ ಎಷ್ಟೆಂದು ನಾನು ಕೇಳಲಿಲ್ಲ. ನನಗೆ ಗೊತ್ತಿತ್ತು. ಅದು ಸಾಹುಕಾರರ ಪಾಲು.

ಆ ಕ್ಷಣದಲ್ಲಿ ನಾನು ಹೇಳಬೇಕಿತ್ತು. ಕೋರ್ಟಿನ ಹರಾಜನ್ನು ಬ್ಯಾಂಕಿನ ರಸೀದಿ ತಡೆಯುವುದಿಲ್ಲ ಎಂದು ಹೇಳಬೇಕಿತ್ತು. ಕೋರ್ಟಿಗೆ ಈ ಹಣ ಸಂದದ್ದೇ ತಿಳಿಯುವುದಿಲ್ಲ, ಬ್ಯಾಂಕಿನಿಂದ ಪತ್ರ ತಂದು, ಉಳಿದದ್ದನ್ನು ಕಟ್ಟಿ, ಅರ್ಜಿ ಹಾಕಬೇಕು, ಇನ್ನೂ ಮೂರು ದಿನ ಇದೆ ಎಂದು. ಇಷ್ಟನ್ನು ಹೇಳಲು ಒಂದು ಹೊಲಿಗೆಯ ತಡೆ ಸಾಕಿತ್ತು. ಆದರೆ ಅವ್ವ ಆಗಲೇ ಒಲೆಯ ಮುಂದೆ ಸಜ್ಜಕಕ್ಕೆ ರವೆ ಹುರಿಯುತ್ತಿದ್ದಳು. ಅಪ್ಪ ಒದ್ದೆ ಬಟ್ಟೆ ಹಿಡಿದು ಬಾಗಿಲಿಗೆ ಅಂಟಿಸಿದ್ದ ಕೋರ್ಟಿನ ಕಾಗದವನ್ನು ಉಜ್ಜಿ ಉಜ್ಜಿ ಬಿಡಿಸುತ್ತಿದ್ದ. ಚಾಚಾ ಎದುರು ಕಟ್ಟೆಯಿಂದಲೇ, “ಗಟ್ಟಿ ತಿಕ್ಕೋ, ಕಟಿಗಿ ಸವದ್ರ ಸವೀಲಿ, ಬಾಗಲಾ ಈಗ ನಿಂದ ಐತಿ” ಎನ್ನುತ್ತಿದ್ದರು. ನಾಳೆ ಹೇಳೋಣ ಎಂದುಕೊಂಡೆ.

ಮರುದಿನ ಹೇಳಲಿಲ್ಲ.

ಇಪ್ಪತ್ತೊಂಬತ್ತನೆಯ ದಿನ ಅಪ್ಪ ಮಾವನಿಗಾಗಿ ಅಂಗಿ ಹೊಲಿಯುತ್ತಿದ್ದ. ಹಣ ಕೊಟ್ಟವನಿಗೆ ಬರಿಗೈಯಲ್ಲಿ ಹೋಗಿ ಸುದ್ದಿ ಹೇಳಬಾರದು ಎಂದು ಅವನ ಲೆಕ್ಕ. ನಾನು ಪಕ್ಕದಲ್ಲಿ ಹೋಗಿ ನಿಂತೆ. ಕಾಲು ತಡೆಯಿತು. ತಲೆಯೆತ್ತಿ ನೋಡಿ ನಕ್ಕ.

“ಏನವ್ವಾ?”

“ಏನಿಲ್ಲ” ಎಂದೆ.

ಒಮ್ಮೆ ಹೇಳಿದ್ದೇನೆ, ಅವನು ಕೇಳಿಸಿಕೊಂಡೂ ತನಗೆ ಬೇಕಾದಂತೆ ಮಾಡಿದ್ದಾನೆ ಎಂಬ ಸಣ್ಣ ಸಿಟ್ಟು ಕೂಡ ಅದರಲ್ಲಿತ್ತು. ಅದನ್ನು ಮರೆಮಾಚುವುದು ಸರಿಯಲ್ಲ.

ಮೂವತ್ತನೆಯ ದಿನ ಬೆಳಗಿನ ಮೊದಲ ಬಸ್ಸಿಗೆ ಅಪ್ಪ ಅಂಗಿಯ ಗಂಟು ಹಿಡಿದು ಸಿರುಗುಪ್ಪಕ್ಕೆ ಹೋದ. ಹತ್ತು ಗಂಟೆಯ ಹೊತ್ತಿಗೆ ಸಾಹುಕಾರರು ಮನೆ ಕಟ್ಟುವ ಒಬ್ಬ ಗೌಂಡಿಯನ್ನು ಕರೆದುಕೊಂಡು ಬಂದರು. ಗೌಂಡಿ ಪಡಸಾಲೆಯ ಉದ್ದಕ್ಕೂ ಅಳತೆಯ ಹಗ್ಗ ಹಿಡಿದ.

“ತಪ್ಪು ತಿಳೀಬ್ಯಾಡಮ್ಮಾ” ಎಂದರು ಸಾಹುಕಾರರು ನನಗೆ. “ನಿನ್ನೆ ಕೋರ್ಟಿನ್ಯಾಗ ಕೇಳಿದೆ. ನಿಮ್ಮ ಕಡಿಯಿಂದ ಏನೂ ಬಂದಿಲ್ಲಂತ. ಬಂದಿದ್ರ ಈ ಹಗ್ಗ ಸುತ್ತಿಕೊಂಡು ಹೋಗ್ತಿದ್ದೆ.”

“ಬ್ಯಾಂಕಿಗೆ ಎಲ್ಲಾ ಕೊಟ್ಟಾರ” ಎಂದಳು ಅವ್ವ ಬಾಗಿಲ ಮರೆಯಿಂದ. ಆಮೇಲೆ ನನ್ನ ಮುಖ ನೋಡಿದಳು. ಒಳಗೆ ಹೋಗಿ ಉಳಿದ ಹಣದ ಡಬ್ಬಿಯನ್ನು ತಂದು ನನ್ನ ಕೈಯಲ್ಲಿಟ್ಟಳು. ಮೂರು ದಿನದಿಂದ ನನಗೆ ಗೊತ್ತಿತ್ತು ಎಂಬುದು ಅವಳಿಗೆ ಆ ನೋಟದಲ್ಲೇ ತಿಳಿಯಿತು.

ಚಾಚಾ ಹೊಲಿಯುತ್ತಿದ್ದ ಹಾಸಿಗೆಯನ್ನು ಅಲ್ಲೇ ಬಿಟ್ಟು ನನ್ನ ಜೊತೆ ಬಂದರು. ಮೊದಲು ಬ್ಯಾಂಕಿಗೆ ಹೋದೆವು. ಕಾರ್ಯದರ್ಶಿ ಕೆಟ್ಟ ಮನುಷ್ಯರಲ್ಲ. ನಾನು ಹೇಳಿದ್ದನ್ನು ಕೇಳಿ ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು.

“ನಿಮ್ಮಪ್ಪ ಕೋರ್ಟಿನ ಕೆಲಸಾನೂ ನೋಡ್ಕಂಡಾನ ಅಂತ ತಿಳದಿದ್ದೆ ತಾಯಿ. ನಮಗ ಬರೋದು ಬಂತು, ನಾನೂ ಕೇಳಲಿಲ್ಲ.”

ಹಣ ಪೂರ್ತಿ ಸಂದಿದೆ ಎಂದು ಕೋರ್ಟಿಗೆ ಪತ್ರ ಬರೆಸಿದರು. ಅದನ್ನು ಬ್ಯಾಂಕಿನ ವಕೀಲರ ಮೂಲಕವೇ ಕೊಡಬೇಕು. ವಕೀಲರು ಊಟಕ್ಕೆ ಹೋಗಿದ್ದರು. ಅವರು ಬಂದು ಓದಿ ರುಜು ಹಾಕುವ ಹೊತ್ತಿಗೆ ಮೂರು ಗಂಟೆ ದಾಟಿತ್ತು. ಅಲ್ಲಿಂದ ಕೋರ್ಟಿಗೆ ನಡೆದದ್ದು ನನಗೆ ನೆನಪಿಲ್ಲ. ಚಾಚಾ ಹಿಂದಿನಿಂದ “ಮೆಲ್ಲಕ ಬೇಟಿ, ನನ್ನ ಕಾಲು ಅರವತ್ತು ವರ್ಷದ್ದು” ಎನ್ನುತ್ತಿದ್ದದ್ದು ಮಾತ್ರ ನೆನಪಿದೆ.

ಬೇವಿನ ಮರದ ಕೆಳಗೆ ವಕೀಲರ ಗುಮಾಸ್ತರೊಬ್ಬರು ಮಣೆಯ ಮೇಲೆ ಕಾಗದವಿಟ್ಟು ಅರ್ಜಿ ಬರೆದುಕೊಟ್ಟರು. ಒಳ್ಳೆಯ ಅಕ್ಷರ, ಒಂದೂ ತಿದ್ದಿಲ್ಲ. ಬ್ಯಾಂಕಿನ ಪತ್ರ ನೋಡಿದರು, ಸಾಹುಕಾರರ ಪಾಲಿನ ಹಣ ಕಟ್ಟಲು ಚಲನ್ ತುಂಬಿದರು.

“ಎಲ್ಲಾ ಸರಿ ಐತಿ. ಸಹಿ ಹಾಕಾಕ ನಿಮ್ಮಪ್ಪನ್ನ ಕರೀರಿ.”

“ಅವರು ಸಿರುಗುಪ್ಪಕ್ಕ ಹೋಗ್ಯಾರ.”

ಗುಮಾಸ್ತರು ಕೋರ್ಟಿನ ಕಡೆಗೊಮ್ಮೆ ನೋಡಿದರು, ನನ್ನ ಕಡೆಗೊಮ್ಮೆ. ದನಿ ತಗ್ಗಿಸಿದರು.

“ನೀವು ಓದಿದೋರು. ನೀವ ಹಾಕಿಬಿಡ್ರಿ. ಒಳಗ ಯಾರೂ ಅಳತಿ ಹಚ್ಚಿ ನೋಡಂಗಿಲ್ಲ. ಐದಕ್ಕ ಮುಚ್ಚತಾರ.”

“ಹಾಕು ಬೇಟಿ” ಎಂದರು ಚಾಚಾ. “ನಿಮ್ಮಪ್ಪಂದು ನನಗ ಗೊತ್ತೈತಿ. ಅದು ಅವಂದಲ್ಲ, ನಿಂದ ಅಕ್ಷರ. ಗ್ವಾಡಿಗೆ ಹೊಡದಿದ್ನಲ್ಲ, ಖಾಕಿ ತುಂಡು.”

ನಾನು ಲೇಖನಿಯನ್ನು ಕೈಗೆ ತೆಗೆದುಕೊಂಡೆ. ಆ ಆರು ಅಕ್ಷರಗಳನ್ನು ಜಗತ್ತಿನಲ್ಲಿ ಅಪ್ಪನಷ್ಟೇ ಚೆನ್ನಾಗಿ ಬರೆಯಬಲ್ಲವಳು ನಾನೊಬ್ಬಳೇ. ಅವನಿಗಿಂತಲೂ ಚೆನ್ನಾಗಿ. ಯಾರೂ ಕಂಡುಹಿಡಿಯುತ್ತಿರಲಿಲ್ಲ, ಏಕೆಂದರೆ ಕಂಡುಹಿಡಿಯಲು ವ್ಯತ್ಯಾಸವೇ ಇರುತ್ತಿರಲಿಲ್ಲ. ಆದರೆ ಅರ್ಜಿಯ ಕೆಳಗೆ, ಮೇಲೆ ಬರೆದದ್ದೆಲ್ಲ ನಿಜವೆಂದು ಪ್ರಮಾಣ ಮಾಡುತ್ತೇನೆ ಎಂಬ ಸಾಲಿತ್ತು. ಅದನ್ನು ಓದಿದೆ. ನಾನು ಎಲ್ಲವನ್ನೂ ಓದುವವಳು. ಓದಿದ ಮೇಲೆ ಕೈ ಮುಂದೆ ಹೋಗಲಿಲ್ಲ. ಸುಳ್ಳು ಸಹಿ ಎಂದು ನಾಳೆ ಯಾರಾದರೂ ಎತ್ತಿದರೆ ಮನೆಯೂ ಹೋಗಿ ಅಪ್ಪನ ಹೆಸರೂ ಹೋಗುತ್ತದೆ ಎಂದು ನನಗೆ ನಾನೇ ಹೇಳಿಕೊಂಡೆ. ಅದು ನಿಜವಿರಬಹುದು. ನನಗೆ ಭಯವಾಗಿತ್ತು ಎಂಬುದೂ ಅಷ್ಟೇ ನಿಜ. ಯಾವುದು ಎಷ್ಟು ಎಂದು ಇಂದಿಗೂ ಬೇರ್ಪಡಿಸಲು ಆಗಿಲ್ಲ.

“ಬಸ್ ನಿಲ್ದಾಣಕ್ಕ ಹೋಗ್ರಿ ಚಾಚಾ” ಎಂದೆ. “ಅಪ್ಪ ಬಂದ ಕೂಡ್ಲೆ ಕರಕೊಂಡು ಬರ್ರಿ.”

ಚಾಚಾ ನನ್ನನ್ನು ನೋಡಿದ ನೋಟದಲ್ಲಿ ಬೈಗುಳವಿರಲಿಲ್ಲ. ಇದ್ದಿದ್ದರೆ ಒಳ್ಳೆಯದಿತ್ತು. ಹೋದರು.

ನಾನು ಅರ್ಜಿ ಹಿಡಿದು ಕೋರ್ಟಿನ ಮೆಟ್ಟಿಲ ಬಳಿ ನಿಂತೆ. ಬೆಳಗಿನಿಂದ ಗಂಡಸರ ನಡುವೆಯೇ ಓಡಾಡಿದ್ದೆ. ಹಿಂಜರಿಕೆ ಯಾವಾಗ ಬಿಟ್ಟುಹೋಗಿತ್ತೋ ಗೊತ್ತಾಗಲಿಲ್ಲ. ಮೂರು ದಿನದ ಹಿಂದೆಯೂ ಅದು ಹೀಗೆಯೇ ಬಿಟ್ಟುಹೋಗುತ್ತಿತ್ತು. ನಾಲ್ಕೂವರೆಯಾಯಿತು. ಗುಮಾಸ್ತರು ಮಣೆ ಎತ್ತಿಟ್ಟರು, ಆದರೂ ನನಗಾಗಿ ಕೂತರು. ಐದಕ್ಕೆ ಐದು ನಿಮಿಷ ಇರುವಾಗ ಅವರು ಇನ್ನೊಮ್ಮೆ ಲೇಖನಿಯನ್ನು ನನ್ನ ಕಡೆ ಚಾಚಿದರು. ನಾನು ರಸ್ತೆಯನ್ನು ನೋಡುತ್ತಿದ್ದೆ. ಜವಾನ ಬಂದು ಬಾಗಿಲ ಚಿಲಕ ಹಾಕಿದ, ಬೀಗ ತಿರುಗಿಸಿದ, ಸರಿಯಾಗಿ ಬಿದ್ದಿತೇ ಎಂದು ಒಮ್ಮೆ ಜಗ್ಗಿ ನೋಡಿದ.

ಅಪ್ಪ ಬಂದಾಗ ಐದೂವರೆ. ಚಾಚಾ ದಾರಿಯಲ್ಲಿ ಎಲ್ಲವನ್ನೂ ಹೇಳಿದ್ದರು. ಓಡಿ ಬಂದಿದ್ದ. ಬಂದವನೇ ನನ್ನ ಕೈಯಿಂದ ಅರ್ಜಿ ತೆಗೆದುಕೊಂಡು, ಮೆಟ್ಟಿಲ ಮೇಲೆ ಕೂತು, ಮೊಣಕಾಲ ಮೇಲಿಟ್ಟುಕೊಂಡು ಸಹಿ ಹಾಕಿದ. ನಂತರ ಎದ್ದು ಹೋಗಿ ಮುಚ್ಚಿದ ಬಾಗಿಲನ್ನು ತಟ್ಟಿದ. ಬಹಳ ಹೊತ್ತು ತಟ್ಟಿದ. ಅಂಗೈಯಿಂದ ತಟ್ಟಿದ, ಯಾರದೋ ಮನೆಗೆ ಬಂದವನ ಹಾಗೆ.

ಮರುದಿನ ಅದೇ ಅರ್ಜಿ ಕೊಟ್ಟೆವು. ಒಳಗಿನವರು ದಿನಗಳನ್ನು ಬೆರಳಿನಲ್ಲಿ ಎಣಿಸಿದರು. ಮುಂದೊಂದು ದಿನ ಅದು ವಜಾ ಆಯಿತು, ಹರಾಜು ಕಾಯಂ ಆಯಿತು. ನಾವು ಅದೇ ಕೌಲ್ ಬಜಾರಿನ ಇನ್ನೊಂದು ಓಣಿಯಲ್ಲಿ ಒಂದು ಕೋಣೆ ಬಾಡಿಗೆಗೆ ಹಿಡಿದೆವು. ಮಿಷನ್ನು ಬಾಗಿಲಲ್ಲಿ, ಒಲೆ ಹಿಂದೆ. ಹಳೆಯ ಗೋಡೆಯಿಂದ ಖಾಕಿ ತುಂಡನ್ನು ಬಿಚ್ಚಿ ತಂದವರು ಯಾರೂ ಇಲ್ಲ. ಅದು ಅಲ್ಲೇ ಉಳಿಯಿತೋ ಗೌಂಡಿ ಕಿತ್ತನೋ ತಿಳಿಯದು.

ವಿಚಿತ್ರವೆಂದರೆ ಹಣ ಹೋಗಲಿಲ್ಲ. ಹರಾಜಿನ ಹಣದಿಂದ ಕೋರ್ಟು ಬ್ಯಾಂಕಿನ ಬಾಕಿ ತೀರಿಸಿತು. ಆದ್ದರಿಂದ ಅಪ್ಪ ಕೊಟ್ಟಿದ್ದನ್ನು ಬ್ಯಾಂಕು ತಿರುಗಿ ಕೊಟ್ಟಿತು. ಸಿರುಗುಪ್ಪದಲ್ಲಿ ಮಾವನ ಮಗಳ ಮದುವೆ ಗೊತ್ತುಮಾಡಿದ ದಿನವೇ ನಡೆಯಿತು.

ಕುರುಗೋಡಿಗೆ ಅಪ್ಪನೊಂದಿಗೆ ನಾನೂ ಹೋಗಿದ್ದೆ. ಅತ್ತೆ ಹಣವನ್ನು ನೋಡಿ, “ಇದನ್ನ ತೊಡಾಕ ಬರತೈತೇನು?” ಎಂದಳು. ಆಮೇಲೆ ಒಳಗೆ ಹೋಗಿ ಮಜ್ಜಿಗೆ ತಂದಳು. ನನಗೆ ಲೋಟ ಕೊಡುವಾಗ ಮುಖ ನೋಡಲಿಲ್ಲ.

ಹರಾಜಿನ ಹಣದಲ್ಲಿ ಸ್ವಲ್ಪ ನಮಗೂ ಮಿಕ್ಕಿತ್ತು. ಅದನ್ನು ಪಡೆಯಲು ಅಪ್ಪ ಕೋರ್ಟಿಗೆ ಹೋಗಬೇಕಾಯಿತು. ಈ ಸಲ ನಾನು ಜೊತೆಗಿದ್ದೆ. ಅಲ್ಲಿಯ ಗುಮಾಸ್ತ ಪುಸ್ತಕವನ್ನು ನಮ್ಮ ಕಡೆ ತಿರುಗಿಸಿ, ಎಲ್ಲಿ ಸಹಿ ಎಂದು ಬೆರಳಿಟ್ಟು ತೋರಿಸಿದ. ಅಪ್ಪ ಲೇಖನಿಯನ್ನು ತೆಗೆದುಕೊಂಡು ನನ್ನ ಕಡೆ ಚಾಚಿದ.

“ನೀನ ಹಾಕವ್ವಾ. ನಿನ್ನ ಅಕ್ಷರಾನೇ ಅಲ್ಲೇನು?”

“ಏ, ಹಂಗ ಬರಂಗಿಲ್ರಿ” ಎಂದ ಗುಮಾಸ್ತ. “ಯಾರ ಹೆಸರಿಗೈತೋ ಅವರ ಹಾಕಬೇಕು.”

“ಹೌದೇನ್ರಿ?” ಎಂದ ಅಪ್ಪ.

ಅವನು ಚುಚ್ಚಿದನೋ, ನನ್ನ ಭಾರವನ್ನು ಹೀಗೆ ಇಳಿಸಲು ನೋಡಿದನೋ, ಮುಖದಿಂದ ತಿಳಿಯಲಿಲ್ಲ. ಕೇಳಬಹುದಿತ್ತು. ಅವನು ಪುಸ್ತಕದ ಮೇಲೆ ಬಾಗಿ, ನಾಲಿಗೆಯನ್ನು ಹಲ್ಲಿನ ನಡುವೆ ಹಿಡಿದು, ನಿಧಾನವಾಗಿ ಬರೆಯತೊಡಗಿದ. ಮೊದಲನೆಯ ಅಕ್ಷರ ದುಂಡಗೆ ಬಂತು, ಎರಡನೆಯದೂ. ನಾನು ಪಕ್ಕದಲ್ಲಿ ನಿಂತು, ಅವನ ಕೈ ತಡೆಯುವುದನ್ನು ಕಾಯುತ್ತಿದ್ದೆ.